ಮಯನ ಕಸುಬು

ಮಹಾಭಾರತದ ಸಭಾಪರ್ವ ಆರಂಭವಾಗುವುದು ಜೂಜಿನಿಂದಲ್ಲ, ಒಂದು ಕಟ್ಟಡದ ಕೆಲಸದಿಂದ. ಖಾಂಡವವನ ಉರಿಯುವಾಗ ಅರ್ಜುನನ ಅಭಯದಿಂದ ಬದುಕುಳಿದ ಮಯನು ಉಪಕಾರಕ್ಕೆ ಪ್ರತಿಯಾಗಿ ಏನನ್ನಾದರೂ ಮಾಡಲೇಬೇಕೆಂದು ಹಟ ಹಿಡಿಯುತ್ತಾನೆ. ಅರ್ಜುನ ತನಗೇನೂ ಬೇಡವೆನ್ನುತ್ತಾನೆ. ಕೃಷ್ಣನು ಸ್ವಲ್ಪ ಯೋಚಿಸಿ, ಧರ್ಮರಾಯನಿಗೆ ಮನುಷ್ಯಲೋಕದಲ್ಲಿ ಯಾರೂ ಅನುಕರಿಸಲಾಗದಂಥ ಸಭೆಯೊಂದನ್ನು ಕಟ್ಟಿಕೊಡು ಎಂದು ಸೂಚಿಸುತ್ತಾನೆ. ಮುಂದೆ ಆ ಸಭೆಯಲ್ಲಿ ದುರ್ಯೋಧನ ನೆಲವನ್ನು ನೀರೆಂದೂ ನೀರನ್ನು ನೆಲವೆಂದೂ ಭ್ರಮಿಸಿದ್ದನ್ನು ತಾಳಮದ್ದಳೆಯಿಂದ ಹಿಡಿದು ದೂರದರ್ಶನದ ಧಾರಾವಾಹಿಯವರೆಗೆ ಎಲ್ಲರೂ ಹೇಳಿದ್ದಾರೆ, ನಾವೆಲ್ಲರೂ ಕೇಳಿದ್ದೇವೆ. ಆದರೆ ಮಯನು ಆ ಸಭೆಗೆ ಬೇಕಾದ ಸಾಮಗ್ರಿಯನ್ನು ಎಲ್ಲಿಂದ ತಂದನೆಂಬುದನ್ನು ಗಮನಿಸಿದವರು ಕಡಿಮೆ.

ಕೈಲಾಸದ ಉತ್ತರಕ್ಕೆ, ಮೈನಾಕ ಪರ್ವತದ ಬಳಿ, ಬಿಂದುಸರೋವರದ ದಡದಲ್ಲಿ ಹಿಂದೊಮ್ಮೆ ದಾನವರು ಯಜ್ಞ ಮಾಡಿದ್ದರು. ಆ ಸಂದರ್ಭದಲ್ಲಿ ಮಯನೇ ಸಿದ್ಧಪಡಿಸಿದ್ದ ಮಣಿಮಯ ಸಾಮಗ್ರಿ ದಾನವರಾಜ ವೃಷಪರ್ವನ ಸಭೆಯಲ್ಲಿ ಉಳಿದಿತ್ತು. ಅದು ಇನ್ನೂ ಅಲ್ಲಿದ್ದರೆ ಹೊತ್ತು ತರುತ್ತೇನೆಂದು ಹೇಳಿ ಅವನು ಹೊರಡುತ್ತಾನೆ. ಬರುವಾಗ ಸಾಮಗ್ರಿಯ ಜೊತೆಗೆ ಭೀಮನಿಗೊಂದು ಗದೆ, ಅರ್ಜುನನಿಗೆ ದೇವದತ್ತವೆಂಬ ಶಂಖ. 14 ತಿಂಗಳಲ್ಲಿ ಸಭೆ ಸಿದ್ಧವಾಗುತ್ತದೆ. ಅಂದರೆ ಇಂದ್ರಪ್ರಸ್ಥದ ಆ ಅದ್ಭುತ ಕಟ್ಟಡ ಹೊಸ ಕಲ್ಲಿನದಲ್ಲ. ಬೇರೊಂದು ಲೋಕದ, ಬೇರೊಂದು ಕಾಲದ, ಮುಗಿದುಹೋದ ಅರಸೊತ್ತಿಗೆಯೊಂದರ ಅವಶೇಷಗಳಿಂದ ಜೋಡಿಸಿದ್ದು.

ಆ ವೃಷಪರ್ವ ಯಾರು? ಕನ್ನಡದ ಓದುಗರಿಗೆ ಅವನು ತೀರ ಅಪರಿಚಿತನಲ್ಲ. ಶರ್ಮಿಷ್ಠೆಯ ತಂದೆ, ಯಯಾತಿಯ ಕಥೆಯಲ್ಲಿ, ಕಾರ್ನಾಡರ ನಾಟಕದ ಹಿನ್ನೆಲೆಯಲ್ಲಿ ಅವನು ಇದ್ದಾನೆ. ಶರ್ಮಿಷ್ಠೆಯ ಮಗ ಪೂರು. ಪೂರುವಿನ ವಂಶದಲ್ಲಿ ಬಂದವರು ಕೌರವ ಪಾಂಡವರು. ಹೀಗೆ ಲೆಕ್ಕ ಹಾಕಿದರೆ ಧರ್ಮರಾಯನ ಸಭೆಗೆ ಬಂದದ್ದು ಪರರ ಸೊತ್ತೇನೂ ಅಲ್ಲ. ದಾನವಕುಲದ ಅಜ್ಜಿಯ ತವರುಮನೆಯ ಕಲ್ಲು. ಕವಿ ಇದನ್ನು ಬಾಯಿಬಿಟ್ಟು ಹೇಳುವುದಿಲ್ಲ. ಆದರೆ ಆದಿಪರ್ವದಲ್ಲಿ ವಂಶಾವಳಿಯನ್ನು ಅಷ್ಟು ವಿಸ್ತಾರವಾಗಿ ಹೇಳಿದವನು ಇಲ್ಲಿ ಆ ಹೆಸರನ್ನು ಆಕಸ್ಮಿಕವಾಗಿ ಬಳಸಿದನೆಂದು ನನಗೆ ಅನ್ನಿಸುವುದಿಲ್ಲ.

ಈ ಕಸುಬಿಗೆ ನಮ್ಮಲ್ಲಿ ಒಂದು ನಿರ್ದಿಷ್ಟ ಹೆಸರಿದ್ದಂತಿಲ್ಲ. ಮಯನ ಹೆಸರಿನಲ್ಲೇ ಪ್ರಚಲಿತವಾಗಿರುವ 'ಮಯಮತ'ವೆಂಬ ದಕ್ಷಿಣದ ವಾಸ್ತುಗ್ರಂಥದಲ್ಲಿ ಹಳೆಯ ಕಟ್ಟಡಗಳ ನವೀಕರಣಕ್ಕೆಂದೇ ಒಂದು ಅಧ್ಯಾಯವಿದೆ. ಜೀರ್ಣೋದ್ಧಾರವೆಂಬ ಮಾತು ಊರೂರಿನ ದೇವಸ್ಥಾನದ ಚಂದಾ ಪುಸ್ತಕದಲ್ಲೂ ಇದೆ. ಆದರೆ ನಾನು ಹೇಳಹೊರಟಿರುವುದು ಹಳೆಯದನ್ನು ಇದ್ದಲ್ಲೇ ಸರಿಪಡಿಸುವುದನ್ನಲ್ಲ. ಒಂದು ಕಾಲದ ಕಟ್ಟಡವನ್ನು ಬಿಚ್ಚಿ ಇನ್ನೊಂದು ಕಾಲದ ಕಟ್ಟಡಕ್ಕೆ ಕೂಡಿಸುವುದನ್ನು. ಮಯ ಕಾಲ್ಪನಿಕ. ಅವನ ಕಸುಬು ಮಾತ್ರ ಕಾಲ್ಪನಿಕವಲ್ಲ. ಅದನ್ನು ನೋಡಲು ದಿಲ್ಲಿಗಿಂತ ಅನುಕೂಲವಾದ ಊರು ಇನ್ನೊಂದಿಲ್ಲ. ಸಂಬಳದ ಕಾರಣಕ್ಕೆ ಈ ಊರಿಗೆ ಬಂದ ನನ್ನಂಥವರಿಗೆ ಅದೊಂದು ಹೆಚ್ಚುವರಿ ಭತ್ಯೆ.

ಇಂದ್ರಪ್ರಸ್ಥವೆಂದು ಜನ ನಂಬುವ ಜಾಗ ಇಲ್ಲಿನ ಪುರಾನಾ ಕಿಲಾ. ಈಗ ಕಾಣುವ ಗೋಡೆ, ಬಾಗಿಲುಗಳು ಹುಮಾಯೂನ ಮತ್ತು ಶೇರ್ ಶಹನ ಕಾಲದವು. ಇಪ್ಪತ್ತನೆಯ ಶತಮಾನದ ಆರಂಭದವರೆಗೂ ಕೋಟೆಯೊಳಗೆ ಇಂದರಪತ್ ಎಂಬ ಹಳ್ಳಿಯೇ ಇತ್ತು. ಹೊಸ ರಾಜಧಾನಿಯ ನಿರ್ಮಾಣದ ಕಾಲದಲ್ಲಿ ಅದನ್ನು ತೆರವು ಮಾಡಿದರು. 1954-55ರಲ್ಲಿಯೂ ಅನಂತರ 1969ರಿಂದ 1973ರವರೆಗೂ ಬಿ.ಬಿ. ಲಾಲ್ ಅವರ ನೇತೃತ್ವದಲ್ಲಿ ಅಲ್ಲಿ ಉತ್ಖನನ ನಡೆಯಿತು. ಚಿತ್ರಿತ ಬೂದುಬಣ್ಣದ ಮಡಕೆ ಚೂರುಗಳು, ಮೌರ್ಯರ ಕಾಲದಿಂದ ಮೊಘಲರವರೆಗಿನ ಪದರಗಳು ದೊರೆತವು. ಮಯಸಭೆ ದೊರೆಯಲಿಲ್ಲ. ದೊರೆಯಬೇಕೆಂದು ನಿರೀಕ್ಷಿಸುವುದೂ ಕಾವ್ಯಕ್ಕೆ ಮಾಡುವ ಅನ್ಯಾಯ.

ಅಲ್ಲಿಂದ ಉತ್ತರಕ್ಕೆ ಸ್ವಲ್ಪ ದೂರ ಹೋದರೆ, ಕ್ರಿಕೆಟ್ ಮೈದಾನದ ಪಕ್ಕದಲ್ಲೇ, ಫಿರೋಜ್ ಶಹ ಕೋಟ್ಲಾ. ಮೂರು ಅಂತಸ್ತಿನ, ಮೇಲಕ್ಕೆ ಹೋದಂತೆ ಕಿರಿದಾಗುವ ಒರಟು ಕಟ್ಟಡದ ನೆತ್ತಿಯ ಮೇಲೆ ಸುಮಾರು 13 ಮೀಟರ್ ಎತ್ತರದ, ಸುಮಾರು 27 ಟನ್ ತೂಕದ ಒಂದೇ ಕಲ್ಲಿನ ಕಂಬ ನಿಂತಿದೆ. ಅದು ಅಶೋಕನ ಕಂಬ. ಅಶೋಕ ಅದನ್ನು ನಿಲ್ಲಿಸಿದ್ದು ಇಲ್ಲಲ್ಲ. ಈಗಿನ ಹರಿಯಾಣದ ಯಮುನಾನಗರ ಜಿಲ್ಲೆಗೆ ಸೇರಿದ ತೋಪ್ರಾ ಎಂಬ ಹಳ್ಳಿಯಲ್ಲಿ. 1351ರಿಂದ 1388ರವರೆಗೆ ಆಳಿದ ಸುಲ್ತಾನ ಫಿರೋಜ್ ಶಹ ತುಘಲಕ್ ಬೇಟೆಯಾಡುತ್ತ ಆ ಕಡೆ ಹೋದಾಗ ಅದನ್ನು ಕಂಡ. ತನ್ನ ಹೊಸ ನಗರವಾದ ಫಿರೋಜಾಬಾದಿಗೆ ತರಬೇಕೆಂದು ನಿಶ್ಚಯಿಸಿದ.

ಅದನ್ನು ತಂದ ಬಗೆಯನ್ನು ಶಮ್ಸ್ ಸಿರಾಜ್ ಅಫೀಫ್ ಎಂಬ ಇತಿಹಾಸಕಾರ ಬರೆದಿಟ್ಟಿದ್ದಾನೆ. ಕಂಬ ಏರಿಸುವಾಗ ತಾನು ಹನ್ನೆರಡು ವರ್ಷದ ಹುಡುಗನಾಗಿದ್ದೆನೆಂದು ಆತನೇ ಹೇಳಿಕೊಳ್ಳುತ್ತಾನೆ. ಆ ವಯಸ್ಸಿನಲ್ಲಿ ಕಂಡದ್ದು ಮರೆಯುವುದಿಲ್ಲ; ಬರವಣಿಗೆಯಲ್ಲಿ ಆ ಹುಡುಗನ ಬೆರಗು ಹಾಗೆಯೇ ಉಳಿದಿದೆ. ಸುತ್ತಮುತ್ತಲ ಜನರೆಲ್ಲ, ಸೈನಿಕರೂ ರೈತರೂ, ತಮ್ಮ ತಮ್ಮ ಸಲಕರಣೆಗಳೊಂದಿಗೆ ಬರಬೇಕೆಂದು ಆಜ್ಞೆಯಾಯಿತು. ಜೊತೆಗೆ ಬೂರುಗದ ಹತ್ತಿಯನ್ನೂ ತರಬೇಕು. ಕಂಬದ ಸುತ್ತ ಆ ಹತ್ತಿಯನ್ನು ರಾಶಿ ಹಾಕಿದರು. ಬುಡದ ಮಣ್ಣನ್ನು ತೆಗೆದಾಗ ಕಂಬ ಮೆಲ್ಲನೆ ಹತ್ತಿಯ ಹಾಸಿಗೆಯ ಮೇಲೆ ಒರಗಿತು. ಅನಂತರ ಹತ್ತಿಯನ್ನು ಸ್ವಲ್ಪಸ್ವಲ್ಪವಾಗಿ ಎಳೆದು ತೆಗೆಯುತ್ತ ಬಂದರು. ಕೆಲವು ದಿನಗಳಲ್ಲಿ ಕಂಬ ನೆಲ ಮುಟ್ಟಿತು. ಬುಡವನ್ನು ಪರೀಕ್ಷಿಸಿದಾಗ ಅಡಿಯಲ್ಲಿ ಚೌಕಾಕಾರದ ದೊಡ್ಡ ಪೀಠದ ಕಲ್ಲು ಕಂಡಿತು. ಅದನ್ನೂ ಅಗೆದು ತೆಗೆದರು.

ಕಂಬಕ್ಕೆ ಪೆಟ್ಟಾಗದಂತೆ ತಲೆಯಿಂದ ಬುಡದವರೆಗೆ ಜೊಂಡನ್ನೂ ಹಸಿ ತೊಗಲನ್ನೂ ಸುತ್ತಿದರು. 42 ಗಾಲಿಗಳ ಬಂಡಿ ತಯಾರಾಯಿತು. ಒಂದೊಂದು ಗಾಲಿಗೆ ಒಂದೊಂದು ಹಗ್ಗ. ಒಂದೊಂದು ಹಗ್ಗಕ್ಕೆ 200 ಜನ. ಗುಣಿಸಿ ನೋಡಿದರೆ 8,400 ಜನ. ಮಯನಿಗಾಗಿ ಸಾಮಗ್ರಿ ಹೊತ್ತ, ಸಭೆಯನ್ನು ಕಾಯ್ದ ಕಿಂಕರರೆಂಬ ರಾಕ್ಷಸರ ಸಂಖ್ಯೆ ಎಂಟು ಸಾವಿರವೆಂದು ಮಹಾಭಾರತ ಹೇಳುತ್ತದೆ. ಭಾರ ಎಳೆಯುವವರನ್ನು ಕಾವ್ಯವೂ ಚರಿತ್ರೆಯೂ ಎಣಿಸುವುದು ಹೀಗೆ, ಸಾವಿರದ ಲೆಕ್ಕದಲ್ಲಿ. ಹೆಸರಿಲ್ಲ. ಯಮುನೆಯ ದಡಕ್ಕೆ ತಂದು, ದೊಡ್ಡ ದೊಡ್ಡ ದೋಣಿಗಳನ್ನು ಕೂಡಿಸಿ, ಅವುಗಳ ಮೇಲೆ ಕಂಬವನ್ನೇರಿಸಿ ಫಿರೋಜಾಬಾದಿಗೆ ಸಾಗಿಸಿದರು. ಅಲ್ಲಿ ಕಲ್ಲು ಗಾರೆಯ ಕಟ್ಟಡ ಮೇಲೇಳುತ್ತಿದ್ದಂತೆ, ಒಂದು ಹಂತ ಮುಗಿದೊಡನೆ ಕಂಬವನ್ನು ಆ ಹಂತಕ್ಕೆ ಏರಿಸುವುದು, ಮತ್ತೊಂದು ಹಂತ ಕಟ್ಟುವುದು, ಮತ್ತೆ ಏರಿಸುವುದು. ಕೊನೆಗೆ ರಾಟೆಗಳಿಗೆ ಹಗ್ಗ ಬಿಗಿದು ನೆಟ್ಟಗೆ ನಿಲ್ಲಿಸಿದರು. ಅಡಿಗೆ ಅದೇ ಹಳೆಯ ಪೀಠದ ಕಲ್ಲು. ಬರಹಗಾರನ ಹೆಸರಿಲ್ಲದ, 1370ರ 'ಸೀರತ್-ಎ-ಫಿರೋಜ್‌ಶಾಹಿ' ಎಂಬ ಇನ್ನೊಂದು ಗ್ರಂಥದಲ್ಲಿ ಈ ಕೆಲಸದ ಚಿತ್ರಗಳೂ ಇವೆ. ಅದರ ಹಸ್ತಪ್ರತಿ ಪಟ್ನಾದ ಖುದಾ ಬಕ್ಷ್ ಗ್ರಂಥಾಲಯದಲ್ಲಿದೆ.

ಬಂಡಿಯ ಚಿತ್ರವೆಂದೊಡನೆ ನಮ್ಮ ರಾಯಚೂರು ನೆನಪಾಗುತ್ತದೆ. ಅಲ್ಲಿನ ಕೋಟೆಯ ಗೋಡೆಯಲ್ಲಿ ಸುಮಾರು 41 ಅಡಿ ಉದ್ದದ ಬೃಹತ್ ಶಿಲೆಯೊಂದಿದೆ. ಅದರ ಮೇಲೆ ಕಾಕತೀಯರ ಕಾಲದ, 1294ರ ತೆಲುಗು ಶಾಸನ. ಹತ್ತಿರದಲ್ಲೇ, ಆ ಶಿಲೆಯನ್ನು ಬಂಡಿಯ ಮೇಲಿಟ್ಟು ಸಾಲು ಸಾಲು ಜಾನುವಾರುಗಳಿಂದ ಎಳೆಸಿದ ದೃಶ್ಯವನ್ನು ಕಲ್ಲಿನಲ್ಲಿ ಕೊರೆದಿದ್ದಾರೆ. ಫಿರೋಜ್ ಶಹನ ಬಂಡಿಗಿಂತ ಅರ್ಧ ಶತಮಾನಕ್ಕೂ ಹಿಂದಿನದು. ಭಾರದ ಕಲ್ಲನ್ನು ಸಾಗಿಸಿದ್ದೇ ಹೇಳಿಕೊಳ್ಳತಕ್ಕ ಸಾಹಸವೆಂದು ಆ ಕಾಲದವರು ತಿಳಿದಿದ್ದರು.

ದಿಲ್ಲಿಗೆ ತಂದ ಕಂಬದ ಮೇಲಿನ ಬರಹವನ್ನು ಓದಿಸಲು ಸುಲ್ತಾನ ಬ್ರಾಹ್ಮಣರನ್ನು ಕರೆಸಿದನಂತೆ. ಯಾರಿಂದಲೂ ಓದಲಾಗಲಿಲ್ಲ. ಕೆಲವರು ಮಾತ್ರ, ಮುಂದೆ ಸುಲ್ತಾನ್ ಫಿರೋಜನೆಂಬ ಅರಸ ಬರುವವರೆಗೆ ಈ ಕಂಬವನ್ನು ಯಾರೂ ಅಲುಗಿಸಲಾರರೆಂದು ಇದರಲ್ಲಿ ಬರೆದಿದೆ ಎಂದು ಹೇಳಿದರೆಂದು ಅಫೀಫ್ ದಾಖಲಿಸುತ್ತಾನೆ. ಮೇಲಧಿಕಾರಿಗೆ ಬೇಕಾದದ್ದನ್ನು ಕಡತದಲ್ಲಿ ಕಾಣಿಸುವ ವಿದ್ಯೆ ಬಹಳ ಹಳೆಯದು. ಆದರೆ ನನಗೆ ಇಲ್ಲಿ ಇನ್ನೊಂದು ಅನುಮಾನವಿದೆ. ಅಶೋಕನ ಬ್ರಾಹ್ಮಿ ಲಿಪಿ ಹದಿನಾಲ್ಕನೆಯ ಶತಮಾನದಲ್ಲಿ ಮರೆತುಹೋಗಿತ್ತು, ನಿಜ. ಆದರೆ ಅದೇ ಕಂಬದ ಮೇಲೆ ಶಾಕಂಭರಿಯ ಚೌಹಾಣ ದೊರೆ ನಾಲ್ಕನೆಯ ವಿಗ್ರಹರಾಜ, ಅಂದರೆ ವೀಸಲದೇವನ ಸಂಸ್ಕೃತ ಶಾಸನವೂ ಇದೆ. ವಿಕ್ರಮ ಸಂವತ್ 1220ರದು. ಅದರ ಲಿಪಿ ಆಗಿನ ಪಂಡಿತರಿಗೆ ಅಸಾಧ್ಯವಾದುದೇನಲ್ಲ. ಮ್ಲೇಚ್ಛರನ್ನು ನಿರ್ಮೂಲಗೊಳಿಸಿ ಆರ್ಯಾವರ್ತವನ್ನು ಮತ್ತೆ ಅನ್ವರ್ಥವಾಗಿಸಿದೆ, ಉಳಿದ ಕೆಲಸದಲ್ಲಿ ನೀವು ಸೋಮಾರಿಗಳಾಗಬೇಡಿರಿ ಎಂಬ ಅರ್ಥದ ಮಾತನ್ನು ವೀಸಲದೇವ ತನ್ನ ವಂಶದವರಿಗೆ ಅಲ್ಲಿ ಹೇಳಿದ್ದಾನೆ. ತುಘಲಕ್ ಸುಲ್ತಾನನ ಎದುರು ನಿಂತು ಅದನ್ನು ಗಟ್ಟಿಯಾಗಿ ಓದಿ ಅರ್ಥ ಹೇಳುವ ಪಂಡಿತ ಎಲ್ಲಿ ಸಿಕ್ಕಾನು? ಓದಲು ಬಾರದೆಂದು ಹೇಳಿದವರಲ್ಲಿ ಒಬ್ಬಿಬ್ಬರಾದರೂ ಜಾಣರಿದ್ದಿರಬೇಕು.

ಜನ ಆ ಕಂಬಗಳನ್ನು ಏನೆಂದು ತಿಳಿದಿದ್ದರೆಂಬುದನ್ನೂ ಅಫೀಫ್ ಹೇಳುತ್ತಾನೆ. ಅವು ಪಾಂಡವರ ಕಾಲದವು. ಭೀಮ ದನ ಕಾಯುವಾಗ ಹಿಡಿಯುತ್ತಿದ್ದ ಊರುಗೋಲುಗಳು. ಹೀಗೆ ಒಂದೇ ಕಲ್ಲಿನಲ್ಲಿ ಅಶೋಕನ ಧರ್ಮ, ವೀಸಲದೇವನ ಗೆಲುವು, ಫಿರೋಜನ ವೈಭವ, ಭೀಮನ ಕೋಲು ಎಲ್ಲವೂ ಕೂಡಿಕೊಂಡಿವೆ. ಮಯ ಬಿಂದುಸರೋವರದಿಂದ ಭೀಮನಿಗೆ ಗದೆ ತಂದ. ಫಿರೋಜ ತೋಪ್ರಾದಿಂದ ಭೀಮನ ಕೋಲು ತಂದ. ಸುಲ್ತಾನನಿಗೆ ಈ ಸಾಮ್ಯ ತಿಳಿದಿರಲಾರದು. ಆದರೆ ತಾನು ಒಡೆದು ಹಾಕಬಹುದಾಗಿದ್ದ ವಸ್ತುವನ್ನು ಹತ್ತಿಯ ಮೇಲೆ ಮಲಗಿಸಿ, ತೊಗಲು ಹೊದಿಸಿ, ಪೀಠದ ಸಮೇತ ತಂದು ತನ್ನ ಕೋಟೆಯಲ್ಲಿ ಎತ್ತರದ ಜಾಗದಲ್ಲಿಟ್ಟನೆಂಬುದು ಸಣ್ಣ ಸಂಗತಿಯಲ್ಲ. ಇದೇ ಸುಲ್ತಾನ ದೇವಾಲಯಗಳನ್ನು ಕೆಡವಿಸಿದ್ದನ್ನೂ ತಾನೇ ಹೆಮ್ಮೆಯಿಂದ ಬರೆಸಿಕೊಂಡಿದ್ದಾನೆ. ಎರಡೂ ಒಬ್ಬನದೇ ಕೆಲಸ. ಒಂದನ್ನು ಹೇಳಿ ಇನ್ನೊಂದನ್ನು ಬಿಡುವವರು ಎರಡು ಪಕ್ಷಗಳಲ್ಲೂ ಇದ್ದಾರೆ.

ಈಗಲೂ ಗುರುವಾರಗಳಂದು ಕೋಟ್ಲಾದಲ್ಲಿ ಜನ ಸೇರುತ್ತಾರೆ. ಕಂಬದ ಅಡಿಯ ಕತ್ತಲೆ ಕೋಣೆಗಳಲ್ಲಿ ಜಿನ್ನುಗಳಿದ್ದಾರೆಂದು ನಂಬಿ, ಮೋಂಬತ್ತಿ ಹಚ್ಚಿ, ತಮ್ಮ ಕಷ್ಟಗಳನ್ನು ಅರ್ಜಿಯ ರೂಪದಲ್ಲಿ ಬರೆದು ಗೂಡುಗಳಲ್ಲಿ ಇಡುತ್ತಾರೆ. ಒಂದೇ ಅರ್ಜಿಯ ಜೆರಾಕ್ಸ್ ಪ್ರತಿಗಳನ್ನು ಬೇರೆ ಬೇರೆ ಗೂಡುಗಳಲ್ಲಿ ಇಡುವುದೂ ಉಂಟು. ಯಾವ ಜಿನ್ನಿನ ಅಧಿಕಾರವ್ಯಾಪ್ತಿಗೆ ವಿಷಯ ಬರುತ್ತದೆಯೋ ಯಾರಿಗೆ ಗೊತ್ತು! ಕೇಂದ್ರ ಸರ್ಕಾರದ ಕಚೇರಿಯಲ್ಲಿ ಇಪ್ಪತ್ತು ವರ್ಷ ಟಿಪ್ಪಣಿ ಬರೆದವನಿಗೆ ಆ ಜನರ ಲೋಕಜ್ಞಾನದ ಬಗ್ಗೆ ಗೌರವ ಹುಟ್ಟದೆ ಇರದು. ಅರ್ಜಿ ಹಾಕುವವರಲ್ಲಿ ಹಿಂದೂಗಳೂ ಇದ್ದಾರೆ, ಮುಸ್ಲಿಮರೂ ಇದ್ದಾರೆ.

ಫಿರೋಜ ಮೇರಠಿನಿಂದ ಇನ್ನೊಂದು ಅಶೋಕಸ್ತಂಭವನ್ನೂ ತರಿಸಿ ದಿಲ್ಲಿಯ ರಿಡ್ಜ್ ಮೇಲೆ ನಿಲ್ಲಿಸಿದ. ಹದಿನೆಂಟನೆಯ ಶತಮಾನದ ಆರಂಭದಲ್ಲಿ, ಫರ್ರುಖ್‌ಸಿಯರನ ಕಾಲದಲ್ಲಿ, ಸ್ಫೋಟವೊಂದರಿಂದ ಅದು ಐದು ತುಂಡಾಯಿತು. 1867ರಲ್ಲಿ ಅದನ್ನು ಮತ್ತೆ ಕೂಡಿಸಿ ನಿಲ್ಲಿಸಿದರು. ಇಂದಿಗೂ ಅದರ ಸಂದುಗಳು ಬರಿಗಣ್ಣಿಗೆ ಕಾಣುತ್ತವೆ.

ಸಂದು ಕಾಣಬೇಕೇ, ಮುಚ್ಚಬೇಕೇ ಎಂಬ ಪ್ರಶ್ನೆ ಎದುರಾಗುವುದು ಮೆಹರೌಲಿಯಲ್ಲಿ. ಕುತುಬ್ ಮಿನಾರಿನ ಪಕ್ಕದ ಕುವ್ವತುಲ್ ಇಸ್ಲಾಂ ಮಸೀದಿಯ ಪೂರ್ವದ್ವಾರದ ಪಾರ್ಸಿ ಶಾಸನವೇ, 27 ದೇವಾಲಯಗಳ ಸಾಮಗ್ರಿಯನ್ನು ಇಲ್ಲಿ ಬಳಸಿದೆ ಎಂದು ಹೇಳುತ್ತದೆ. ಒಳಗೆ ಹೋದರೆ ಸಾಲು ಸಾಲು ಕೆತ್ತನೆಯ ಕಂಬಗಳು. ಗಂಟೆ, ಸರಪಳಿ, ಕಲಶ, ಹೂಬಳ್ಳಿ. ಒಂದು ಕಂಬದ ಎತ್ತರ ಸಾಲದೆಂದು ಒಂದರ ಮೇಲೊಂದು ಇಟ್ಟಿದ್ದಾರೆ. ಎರಡು ಕಂಬಗಳ ಶೈಲಿ ಒಂದೇ ಆಗಿರಬೇಕೆಂಬ ಕಾಳಜಿಯಿಲ್ಲ. ಆಕೃತಿಗಳ ಮುಖಗಳನ್ನು ಕೆತ್ತಿ ತೆಗೆದು ಗಾರೆ ಬಳಿದಿದ್ದರು. ಕಾಲಾಂತರದಲ್ಲಿ ಗಾರೆ ಉದುರಿ ಕೆಳಗಿನದು ಹೊರಬಂದಿದೆ. ಇದನ್ನು ಮೃದುವಾದ ಮಾತಿನಿಂದ ಹೇಳಲು ಸಾಧ್ಯವಿಲ್ಲ, ಹೇಳಬೇಕಾಗಿಯೂ ಇಲ್ಲ: ಅದು ಗೆದ್ದವನ ಕಟ್ಟಡ; ಕಟ್ಟಿದವನೇ ಹಾಗೆಂದು ಬರೆಸಿದ್ದಾನೆ.

ಆದರೂ ಅದೇ ಅಂಗಳದ ನಡುವೆ ಕಬ್ಬಿಣದ ಕಂಬವಿದೆ. ಅದನ್ನು ವಿಷ್ಣುಪದವೆಂಬ ಗಿರಿಯ ಮೇಲೆ ವಿಷ್ಣುಧ್ವಜವಾಗಿ ನಿಲ್ಲಿಸಲಾಯಿತೆಂದು ಅದರ ಮೇಲಿನ ಚಂದ್ರನೆಂಬ ಅರಸನ ಶಾಸನವೇ ಹೇಳುತ್ತದೆ. ಆ ಚಂದ್ರ ಗುಪ್ತರ ಎರಡನೆಯ ಚಂದ್ರಗುಪ್ತನೆಂದು ಹೆಚ್ಚಿನ ವಿದ್ವಾಂಸರ ಮತ. ಮೆಹರೌಲಿಯಲ್ಲಿ ಅಂಥ ಗಿರಿಯಿಲ್ಲ. ಆ ಕಂಬವೂ ಎಲ್ಲಿಂದಲೋ ಬಂದದ್ದೇ. ಆರು ಟನ್ನಿಗೂ ಹೆಚ್ಚಿನ ಕಬ್ಬಿಣವನ್ನು ಕರಗಿಸಿ ಆಯುಧ ಮಾಡದೆ ಮಸೀದಿಯ ಅಂಗಳದಲ್ಲಿ ಉಳಿಸಿಕೊಂಡವರ ಮನಸ್ಸಿನಲ್ಲಿ ಏನಿತ್ತು? ಗೆಲುವಿನ ಗುರುತೋ, ವಿಸ್ಮಯವೋ, ಹಳೆಯ ಅರಸರ ಸಾಲಿನಲ್ಲಿ ತಾವೂ ನಿಲ್ಲಬೇಕೆಂಬ ಆಸೆಯೋ? ಮೂರೂ ಕೂಡಿರಬಹುದು.

ನಮ್ಮ ವಿಜಯಪುರದಲ್ಲಿಯೂ ಇಂಥದೇ ಒಂದು ಕಟ್ಟಡವಿದೆ. ಆದಿಲ್ ಶಾಹಿಗಳು ಬರುವುದಕ್ಕೆ ಬಹಳ ಮೊದಲು, 1320ರಲ್ಲಿ, ಕಟ್ಟಿದ ಕರೀಮುದ್ದೀನನ ಮಸೀದಿ. ಅದರ ಕಂಬಗಳೂ ದೇವಾಲಯದವು. ಆದರೆ ಅಲ್ಲೊಂದು ವಿಶೇಷ. ನಾಗರಿ ಲಿಪಿಯ ಶಾಸನದಲ್ಲಿ ಕಟ್ಟಿದ ಸೂತ್ರಧಾರಿಯ ಹೆಸರಿದೆ: ಸಾಲೋಟಗಿಯ ರೇವಯ್ಯ. ಸಾಲೋಟಗಿ ಇಂಡಿ ತಾಲೂಕಿನ ಊರು. ರಾಷ್ಟ್ರಕೂಟ ಮೂರನೆಯ ಕೃಷ್ಣನ ಕಾಲದಲ್ಲಿ, 945ರಲ್ಲಿ, ಅಲ್ಲಿದ್ದ ವಿದ್ಯಾಸಂಸ್ಥೆಯ ಶಾಸನ ಪ್ರಸಿದ್ಧವಾದದ್ದು. ಆ ಊರಿನ ರೇವಯ್ಯ ದೇವಾಲಯದ ಕಂಬಗಳನ್ನು ಮಸೀದಿಗೆ ಕೂಡಿಸಿದ. ಮನಸ್ಸಿದ್ದು ಮಾಡಿದನೋ, ಹೊಟ್ಟೆಪಾಡಿಗೆ ಮಾಡಿದನೋ, ಹೆದರಿ ಮಾಡಿದನೋ, ಶಾಸನ ಹೇಳುವುದಿಲ್ಲ. ಬಳ್ಳಿಗಾವಿಯ ದಾಸೋಜ, ಚಾವಣರು ಬೇಲೂರಿನಲ್ಲಿ ತಮ್ಮ ಹೆಸರು ಕೆತ್ತಿಕೊಂಡಾಗ ಅದರಲ್ಲಿ ರೂವಾರಿಯ ಗರ್ವವಿದೆ. ಅದನ್ನು ಓದಿ ನಾವು ಹೆಮ್ಮೆಪಡುತ್ತೇವೆ. ರೇವಯ್ಯನ ಹೆಸರನ್ನು ಓದಿ ಏನು ಮಾಡಬೇಕೆಂದು ನಮಗೆ ತಿಳಿಯುವುದಿಲ್ಲ. ನನ್ನ ಮಟ್ಟಿಗೆ ಈ ಇಡೀ ಚರಿತ್ರೆಯಲ್ಲಿ ಸುಲ್ತಾನರಿಗಿಂತಲೂ ರಾಜರಿಗಿಂತಲೂ ನನಗೆ ಭೇಟಿಯಾಗಬೇಕೆನಿಸುವ ಮನುಷ್ಯ ಅವನೇ.

ಕಲ್ಲು ತಂದು ಕೂಡಿಸುವುದು ಗೆದ್ದ ಪರಧರ್ಮೀಯರ ಕೆಲಸ ಮಾತ್ರವೆಂದು ಯಾರಾದರೂ ತಿಳಿದಿದ್ದರೆ ಅವರು ಹಂಪಿಯ ಅರಮನೆಯ ಆವರಣದಲ್ಲಿರುವ ಮೆಟ್ಟಿಲು ಪುಷ್ಕರಣಿಯನ್ನು ನೋಡಬೇಕು. 1980ರ ದಶಕದ ಉತ್ಖನನದಲ್ಲಿ ಮಣ್ಣಿನೊಳಗಿನಿಂದ ಹೊರಬಂದದ್ದು. ಸುಮಾರು 22 ಮೀಟರ್ ಚೌಕ, 7 ಮೀಟರ್ ಆಳ, ಐದು ಹಂತ. ಹಂಪಿಯ ಸುತ್ತಲೂ ಎಲ್ಲಿ ನೋಡಿದರೂ ಬೂದುಬಣ್ಣದ ಕಣಶಿಲೆ. ಈ ಕೊಳ ಮಾತ್ರ ನುಣುಪಾದ ಕಪ್ಪು-ಹಸಿರು ಕಲ್ಲಿನದು. ಕಲ್ಲುಗಳ ಮೇಲೆ ಕನ್ನಡದಲ್ಲಿ ಗುರುತುಗಳಿವೆ: ಯಾವ ದಿಕ್ಕಿನದು, ಯಾವ ಹಂತದ್ದು, ಎಷ್ಟನೆಯದು ಎಂದು. ಗುರುತು ಹಾಕಿಟ್ಟುಕೊಂಡು ಬೇರೆಡೆಯಿಂದ ತಂದು ಕೂಡಿಸಿದ ಕಟ್ಟಡ ಅದು. ರಿಚರ್ಡ್ ಈಟನ್ ಮತ್ತು ಫಿಲಿಪ್ ವ್ಯಾಗನರ್ ಅವರ ಪ್ರಕಾರ ಆ ಕೊಳ ಕಲ್ಯಾಣದ ಚಾಲುಕ್ಯರ ಕಾಲದ್ದು. ವಿಜಯನಗರದವರು ಅದನ್ನು ಬಿಚ್ಚಿ ತಂದು ತಮ್ಮ ರಾಜಧಾನಿಯ ನಡುವೆ ಕೂರಿಸಿದರು. ಚಾಲುಕ್ಯರ ಹಿರಿಮೆ ತಮಗೂ ಸಲ್ಲುತ್ತದೆಂದು ತೋರಿಸಿಕೊಳ್ಳುವ ಬಯಕೆ ಅದರ ಹಿಂದಿತ್ತೆಂಬುದು ಅವರ ವಾದ. ವಾದ ಏನೇ ಇರಲಿ, ಆ ಗುರುತುಗಳನ್ನು ಹಾಕಿದ ಕಲ್ಲುಕುಟಿಗನಿಗೆ ಕನ್ನಡ ಓದಲು ಬರೆಯಲು ಬರುತ್ತಿತ್ತು. ಆ ಲೆಕ್ಕ ತಪ್ಪಿದ್ದರೆ ಕೊಳ ಕೂಡುತ್ತಿರಲಿಲ್ಲ. ಆಡಳಿತ ಭಾಷೆಯಾಗಿ ಕನ್ನಡವೆಂದು ಭಾಷಣ ಮಾಡುವವರು ಇಂಥ ಕನ್ನಡವನ್ನು ನೆನೆಯುವುದು ಅಪರೂಪ.

ಕವಿಗಳೂ ಇದೇ ಕೆಲಸ ಮಾಡಿದ್ದಾರೆ. ಪಂಪ ತನ್ನ ದೊರೆ ಅರಿಕೇಸರಿಯನ್ನು ಅರ್ಜುನನೊಂದಿಗೆ ಕೂಡಿಸಿ 'ವಿಕ್ರಮಾರ್ಜುನ ವಿಜಯ'ವನ್ನು ಕಟ್ಟಿದ. ಹಾಗೆ ಕೂಡಿಸುವಾಗ ಹೊಂದದ ಭಾಗವನ್ನು ತೆಗೆಯಬೇಕಾಯಿತು. ಅವನ ಕಾವ್ಯದಲ್ಲಿ ದ್ರೌಪದಿ ಅರ್ಜುನನೊಬ್ಬನ ಹೆಂಡತಿ. ಆದರೆ ತೆಗೆದ ಭಾಗದ ಗಾಯ ಅಲ್ಲಲ್ಲಿ ಕಾಣಿಸುತ್ತದೆಂದು ವಿಮರ್ಶಕರು ಹೇಳುತ್ತಲೇ ಬಂದಿದ್ದಾರೆ. ಅರಿಕೇಸರಿಯ ರಾಜಧಾನಿ ವೇಮುಲವಾಡ ಇಂದು ತೆಲಂಗಾಣದಲ್ಲಿದೆ. ಹೈದರಾಬಾದಿನ ನಮ್ಮವರಿಗೆ ಹತ್ತಿರ. ಅಲ್ಲೇ ಸಮೀಪದ ಕುರ್ಕ್ಯಾಲದ ಬಂಡೆಯ ಮೇಲೆ ಪಂಪನ ತಮ್ಮ ಜಿನವಲ್ಲಭನ ಶಾಸನ ಕನ್ನಡ, ಸಂಸ್ಕೃತ, ತೆಲುಗು ಮೂರೂ ಭಾಷೆಗಳಲ್ಲಿದೆ. ಹೊರನಾಡು ಎಂಬ ಪದವನ್ನು ಪಂಪನ ಮನೆಯವರ ವಿಷಯದಲ್ಲಿ ಹೇಗೆ ಬಳಸುವುದೋ ತಿಳಿಯದು.

ನಮ್ಮ ಕಾಲದಲ್ಲಿ ಈ ಕಸುಬಿಗೆ ಕಾರಣವಾದದ್ದು ಅರಸರಲ್ಲ, ಅಣೆಕಟ್ಟುಗಳು. ನಾಗಾರ್ಜುನಸಾಗರಕ್ಕೆ 1955ರಲ್ಲಿ ಶಂಕುಸ್ಥಾಪನೆಯಾಯಿತು. ನೀರು ಏರುವ ಮೊದಲೇ ನಾಗಾರ್ಜುನಕೊಂಡದ ಕಣಿವೆಯನ್ನೆಲ್ಲ ಅಗೆದು, ಮುಖ್ಯವಾದ ಕೆಲವು ಅವಶೇಷಗಳನ್ನು ಬೆಟ್ಟದ ಮೇಲೆ ಮತ್ತೆ ಕಟ್ಟಿದರು; ಆ ಬೆಟ್ಟ ಈಗ ದ್ವೀಪ. ಶ್ರೀಶೈಲ ಯೋಜನೆಯಿಂದ ಕೃಷ್ಣಾ ತುಂಗಭದ್ರೆಯರ ಸಂಗಮದಲ್ಲಿದ್ದ ಕೂಡವೆಲ್ಲಿಯ ಸಂಗಮೇಶ್ವರ ಗುಡಿ ಮುಳುಗಬೇಕಾಯಿತು. ಬಾದಾಮಿ ಚಾಲುಕ್ಯರ ಕಾಲದ ಆ ಗುಡಿಯನ್ನು ಕಲ್ಲು ಕಲ್ಲಾಗಿ ಬಿಚ್ಚಿ ಆಲಂಪುರದಲ್ಲಿ ನಿಲ್ಲಿಸಿದ್ದಾರೆ. ಕೆಲಸ ಅಚ್ಚುಕಟ್ಟಾಗಿದೆ. ಬಾದಾಮಿ, ಪಟ್ಟದಕಲ್ಲುಗಳನ್ನು ಕಂಡವರಿಗೆ ಅಲ್ಲಿ ಊರಿನವರನ್ನು ಕಂಡಷ್ಟು ಸಂತೋಷವಾಗುತ್ತದೆ. ಹೆಸರು ಮಾತ್ರ ಇನ್ನೂ ಸಂಗಮೇಶ್ವರ, ಸಂಗಮ ಅಲ್ಲಿಲ್ಲ.

ಕನ್ನಂಬಾಡಿಯ ಕಥೆ ನಮಗೆ ಇನ್ನೂ ಹತ್ತಿರದ್ದು. ಕೃಷ್ಣರಾಜಸಾಗರದ ಕೆಲಸ 1911ರಲ್ಲಿ ಆರಂಭವಾಯಿತು. ಊರೂ ಹೊಯ್ಸಳರ ಕಾಲದ ವೇಣುಗೋಪಾಲಸ್ವಾಮಿಯ ದೇವಾಲಯವೂ ಮುಳುಗಿದವು. ದೇವಾಲಯ ದಶಕಗಳ ಕಾಲ ನೀರಿನಡಿಯಲ್ಲಿತ್ತು. ಬರಗಾಲ ಬಂದು ಜಲಾಶಯ ಬತ್ತಿದ ವರ್ಷ ಮೇಲೆ ಕಾಣಿಸುತ್ತಿತ್ತು. ಆ ಭಾಗದ ರೈತರಿಗೆ ದೇವರ ದರ್ಶನವಾಗುವುದೆಂದರೆ ಗದ್ದೆಗೆ ನೀರಿಲ್ಲವೆಂದೇ ಅರ್ಥ. ಈ ಶತಮಾನದ ಮೊದಲ ದಶಕದಲ್ಲಿ ಖೋಡೆ ಪ್ರತಿಷ್ಠಾನದವರು ಆ ದೇವಾಲಯದ ಕಲ್ಲುಗಳನ್ನು ಗುರುತು ಹಾಕಿ, ಛಾಯಾಚಿತ್ರ ತೆಗೆದು, ಬಿಚ್ಚಿ, ಹೊಸ ಕನ್ನಂಬಾಡಿಯ ಬಳಿ ಹಿನ್ನೀರಿನ ದಡದಲ್ಲಿ ಮತ್ತೆ ಕಟ್ಟಿಸಿದರು. ಈಗ ಅದು ಪ್ರವಾಸಿಗರ ಮೆಚ್ಚಿನ ತಾಣ.

ಈ ಕೆಲಸಗಳನ್ನು ನಾನು ಮೆಚ್ಚುತ್ತೇನೆ. ಆದರೆ ಮೆಚ್ಚುವಾಗಲೆಲ್ಲ ಒಂದು ಲೆಕ್ಕ ಮನಸ್ಸಿಗೆ ಬರುತ್ತದೆ. ಶ್ರೀಶೈಲದ ಹಿನ್ನೀರಿನಲ್ಲಿ ನೂರಕ್ಕೂ ಹೆಚ್ಚು ಗ್ರಾಮಗಳು ಮುಳುಗಿದವು. ಕಲ್ಲಿಗೆ ದಿಕ್ಕು, ಸಾಲು, ಸಂಖ್ಯೆ ಬರೆದುಕೊಂಡೆವು. ಯಾವ ಕಲ್ಲಿನ ಪಕ್ಕದಲ್ಲಿ ಯಾವ ಕಲ್ಲಿತ್ತೆಂಬುದು ತಪ್ಪಲಿಲ್ಲ. ಆ ಊರುಗಳ ಯಾವ ಮನೆಯ ಪಕ್ಕ ಯಾವ ಮನೆಯಿತ್ತು, ಯಾರ ಹಿತ್ತಲಿನಿಂದ ಯಾರು ನೀರು ಸೇದುತ್ತಿದ್ದರು ಎಂಬುದಕ್ಕೆ ಅಂಥ ಗುರುತು ಯಾರೂ ಹಾಕಲಿಲ್ಲ. ಪರಿಹಾರದ ಕಡತದಲ್ಲಿ ಎಕರೆ, ಗುಂಟೆ, ರೂಪಾಯಿ ಇರುತ್ತವೆ. ಅಕ್ಕಪಕ್ಕ ಇರುವುದಿಲ್ಲ. ಇಂದರಪತ್ ಹಳ್ಳಿಯವರಿಗೂ ಇದೇ ಆಗಿದ್ದಿರಬೇಕು.

ಅಶೋಕನ ವಿಷಯ ಅರ್ಧಕ್ಕೇ ನಿಂತಿತು. ಕೋಟ್ಲಾದ ಕಂಬದ ಬ್ರಾಹ್ಮಿಯನ್ನು ಜೇಮ್ಸ್ ಪ್ರಿನ್ಸೆಪ್ ಓದಿದ್ದು 1837ರಲ್ಲಿ. ಅದರಲ್ಲಿ ಅರಸನ ಹೆಸರು ದೇವಾನಾಂಪಿಯ ಪಿಯದಸಿ ಎಂದಷ್ಟೇ ಇದೆ. ಸಿಂಹಳದ ಗ್ರಂಥಗಳ ಆಧಾರದಿಂದ ಅವನೇ ಅಶೋಕನೆಂದು ಊಹಿಸಿದರೂ ಕಲ್ಲಿನ ಸಾಕ್ಷ್ಯ ದೊರೆತದ್ದು 1915ರಲ್ಲಿ, ರಾಯಚೂರು ಜಿಲ್ಲೆಯ ಮಸ್ಕಿಯಲ್ಲಿ. ಚಿನ್ನದ ಗಣಿಯ ಎಂಜಿನಿಯರೊಬ್ಬರು ಕಂಡ ಶಾಸನದಲ್ಲಿ ಅಶೋಕನೆಂಬ ಹೆಸರೇ ಇತ್ತು. ದಿಲ್ಲಿಯವರೆಗೆ ಸಾಗಿಬಂದ ಕಂಬದ ಯಜಮಾನ ಯಾರೆಂದು ಹೇಳಿದ್ದು ಎಲ್ಲಿಗೂ ಹೋಗದ ಕನ್ನಡನಾಡಿನ ಬಂಡೆ.

ಕಲಬುರಗಿ ಜಿಲ್ಲೆಯ ಸನ್ನತಿಯಲ್ಲಿ, ಭೀಮಾನದಿಯ ದಡದಲ್ಲಿ, ಚಂದ್ರಲಾಂಬೆಯ ಗುಡಿ. ಪುಣೆ, ಮುಂಬಯಿ, ಹೈದರಾಬಾದಿನಲ್ಲಿ ನೆಲೆಸಿದ ಎಷ್ಟೋ ಕನ್ನಡ ಮನೆಗಳಿಗೆ ಅವಳು ಕುಲದೇವತೆ. ಆ ಆವರಣದ ಕಾಳಿಗುಡಿಯ ಚಾವಣಿ 1986ರಲ್ಲಿ ಕುಸಿದು ಮೂರ್ತಿ ಭಗ್ನವಾಯಿತು. ತೆರವು ಮಾಡುವಾಗ ಮೂರ್ತಿಯ ಅಡಿಯಲ್ಲಿದ್ದ ಚಪ್ಪಡಿಯ ಮೇಲೆ ಬರಹ ಕಂಡಿತು. ಎರಡೂ ಮುಖಗಳಲ್ಲಿ ಅಶೋಕನ ಶಾಸನ. ಮೂರ್ತಿಯ ಗೂಟ ಕೂರಿಸಲು ನಡುವೆ ಚೌಕಾಕಾರದ ರಂಧ್ರ ಕೊರೆದಿದ್ದರು, ಅಲ್ಲಿದ್ದ ಅಕ್ಷರಗಳು ಹೋಗಿವೆ. ಕೊರೆದವನಿಗೆ ಅದು ಏನೆಂದು ತಿಳಿದಿರಲಿಲ್ಲ. ಒಳ್ಳೆಯ ಚಪ್ಪಟೆ ಕಲ್ಲು ಬೇಕಾಗಿತ್ತು. ಪರಮತವನ್ನು ಗೌರವಿಸಬೇಕೆನ್ನುವ ಹನ್ನೆರಡನೆಯ ಶಾಸನ ಆ ಚಪ್ಪಡಿಯಲ್ಲಿದೆ. ಎಷ್ಟು ತಲೆಮಾರು ನಮ್ಮ ಹಿರಿಯರು ಅದರ ಮೇಲಿನ ಕಾಳಿಗೆ ಕುಂಕುಮ ಏರಿಸಿದರೋ. ಅಲ್ಲಿಗೆ ಸಮೀಪದ ಕನಗನಹಳ್ಳಿಯಲ್ಲಿ ಅನಂತರ ನಡೆದ ಉತ್ಖನನದಲ್ಲಿ ಬೌದ್ಧಸ್ತೂಪವೊಂದು ಹೊರಬಂತು. ಅದರ ಶಿಲ್ಪಫಲಕವೊಂದರಲ್ಲಿ ರಾಜನೊಬ್ಬ ಪರಿವಾರದೊಂದಿಗೆ ನಿಂತಿದ್ದಾನೆ. ಮೇಲೆ ಬ್ರಾಹ್ಮಿಯಲ್ಲಿ 'ರಾಯ ಅಸೋಕೋ' ಎಂದು ಬರೆದಿದೆ.